ಮೂಳೆ ಕೂಡಿತು, ನೋವು ಉಳಿಯಿತು: ಈಗ ಯಾವ ಕೋಡ್?

ಪ್ರಶ್ನೆ: ಎರಡು ವರ್ಷಗಳಿಂದ ಮೆಡಿಕಲ್ ಕೋಡಿಂಗ್ ಕೆಲಸದಲ್ಲಿದ್ದೇನೆ. ಅಮೆರಿಕದ ಆಸ್ಪತ್ರೆಗಳ ಫೈಲ್‌ಗಳಲ್ಲಿರುವ ರೋಗ, ಗಾಯಗಳಿಗೆ ಅಲ್ಲಿನ ರೋಗ ವರ್ಗೀಕರಣವಾದ ಐಸಿಡಿ-10-ಸಿಎಂ ಪ್ರಕಾರ ಕೋಡ್ ಕೊಡುತ್ತೇವೆ. ರಸ್ತೆ ದಾಟುವಾಗ ಕಾರು ಗುದ್ದಿ ಬಲಗಾಲಿನ ಟಿಬಿಯಾ (ಮಂಡಿಯ ಕೆಳಗಿನ ದೊಡ್ಡ ಮೂಳೆ) ಮೂಳೆಯ ಹೊರಬದಿಯ ಕಾಂಡೈಲ್, ಅಂದರೆ ಮಂಡಿ ಕೀಲಿಗೆ ಸೇರುವ ತುದಿಭಾಗ, ಮುರಿದು ಜರುಗಿದ್ದ ರೋಗಿಯೊಬ್ಬರು ಹದಿನಾಲ್ಕು ತಿಂಗಳ ನಂತರ ಮಂಡಿನೋವು, ಬಿಗಿತ ಎಂದು ಬಂದಿದ್ದಾರೆ. ಮುರಿತ ಪೂರ್ತಿ ಕೂಡಿದೆ, ಈಗಿರುವುದು ಆ ಮುರಿತದಿಂದ ಬಂದ ಪೋಸ್ಟ್ ಟ್ರಾಮಾಟಿಕ್ ಆಸ್ಟಿಯೋಆರ್ಥ್ರೈಟಿಸ್ (ಗಾಯದ ನಂತರದ ಕೀಲು ಸವೆತ) ಎಂದು ವೈದ್ಯರು ಬರೆದಿದ್ದಾರೆ. ನಾನು ಮುರಿತದ ಕೋಡ್‌ಗೆ ಏಳನೆಯ ಅಕ್ಷರವಾಗಿ ಎ ಹಾಕಿ, ಜೊತೆಗೆ ಮಂಡಿನೋವಿನ ಕೋಡ್ ಕೊಟ್ಟೆ. ವಿಮಾ ಕ್ಲೇಮ್ ಹಿಂದಕ್ಕೆ ಬಂತು. ಒಬ್ಬ ಸಹೋದ್ಯೋಗಿ ಡಿ ಹಾಕಬೇಕಿತ್ತು ಎನ್ನುತ್ತಾರೆ. ಇನ್ನೊಬ್ಬರು ಒಂದು ವರ್ಷ ದಾಟಿದೆಯಲ್ಲ, ಎಸ್ ಹಾಕಿ ಎನ್ನುತ್ತಾರೆ. ಯಾರ ಮಾತು ಸರಿ? ಇಷ್ಟು ತಿಂಗಳು ಕಳೆದ ಮೇಲೂ ಅಪಘಾತದ ಕೋಡ್ ಬೇಕೇ?

ಉತ್ತರ: ನಿಮ್ಮ ಎರಡನೆಯ ಸಹೋದ್ಯೋಗಿ ಹೇಳಿದ ಎಸ್ ಅಕ್ಷರ, ಅಂದರೆ ಸೀಕ್ವೆಲಾ (ಹಳೆಯ ಗಾಯ ಬಿಟ್ಟುಹೋದ ಉಳಿಕೆ ಪರಿಣಾಮ), ಸರಿ, ಕೊಟ್ಟ ಕಾರಣ ತಪ್ಪು. ಕಾರಣ ತಪ್ಪಿದ್ದರೆ ಈ ಫೈಲ್ ಪಾರಾದರೂ ಮುಂದಿನ ಫೈಲ್‌ನಲ್ಲಿ ಅಕ್ಷರವೂ ತಪ್ಪುತ್ತದೆ. ಆದ್ದರಿಂದ ಉತ್ತರವನ್ನು ಮೊದಲು ಹೇಳಿ, ಅದು ಹೇಗೆ ಬಂತು ಎಂಬುದನ್ನು ಸ್ವಲ್ಪ ವಿವರವಾಗಿಯೇ ಬರೆಯುತ್ತೇನೆ.

ನಿಮ್ಮ ಫೈಲ್‌ನಲ್ಲಿ ಮೊದಲು ಬರಬೇಕಾದದ್ದು ಎಂ17.31, ಅಂದರೆ ಬಲ ಮಂಡಿಯ ಗಾಯೋತ್ತರ ಕೀಲು ಸವೆತ. ಎರಡನೆಯದು ಎಸ್82.121ಎಸ್, ಅಂದರೆ ಆ ಸವೆತಕ್ಕೆ ಕಾರಣವಾದ ಹಳೆಯ ಮುರಿತ. ಕೊನೆಯಲ್ಲಿ ವಿ03.10ಎಕ್ಸ್‌ಎಸ್, ಆ ಮುರಿತಕ್ಕೆ ಕಾರಣವಾದ ಅಪಘಾತ. ಮಂಡಿನೋವಿನ ಎಂ25.561 ಬೇಡವೇ ಬೇಡ. ಸವೆದ ಕೀಲು ನೋಯುವುದು, ಬಿಗಿಯುವುದು ಆ ರೋಗದ ಸ್ವಭಾವ. ರೋಗದೊಳಗೇ ಅಡಗಿರುವ ಲಕ್ಷಣಕ್ಕೆ ಪ್ರತ್ಯೇಕ ಕೋಡ್ ಕೊಡುವುದಿಲ್ಲ. ಬಿಗಿತ ಅಷ್ಟಕ್ಕೇ ನಿಲ್ಲದೆ ಕಾಲು ಮಡಿಸಿದಲ್ಲೇ ಸೆಟೆದುಕೊಂಡಿದೆ, ಅದು ಬೇರೆಯೇ ಸಮಸ್ಯೆ ಎಂದು ವೈದ್ಯರು ಕಾಂಟ್ರಾಕ್ಚರ್ ಎಂಬ ರೋಗನಿರ್ಣಯ ಬರೆದಿದ್ದರೆ ಆಗ ಎಂ24.561 ಸೇರಿಸುವ ಮಾತು ಬರುತ್ತದೆ.

ಈಗ ಆ ಒಂದು ವರ್ಷದ ಮಾತಿಗೆ ಬರೋಣ. ಅದು ಯಾರೋ ಕಟ್ಟಿದ ಕಥೆಯಲ್ಲ, ನಿಜವಾದ ನಿಯಮವೇ. ಆದರೆ ಅದು ಬೇರೊಂದು ಪುಸ್ತಕದ್ದು. ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಐಸಿಡಿ-10ರಲ್ಲಿ ಗಾಯಗಳ ಉಳಿಕೆ ಪರಿಣಾಮಗಳಿಗೆಂದೇ ಟಿ90ರಿಂದ ಟಿ98ರವರೆಗೆ ಪ್ರತ್ಯೇಕ ಗುಂಪಿದೆ. ತಲೆಗೆ ಟಿ90, ಕುತ್ತಿಗೆ ಮತ್ತು ಮುಂಡಕ್ಕೆ ಟಿ91, ತೋಳಿಗೆ ಟಿ92, ಕಾಲಿಗೆ ಟಿ93 ಎಂದು ಹಂಚಿಕೆ. ಉಳಿಕೆ ಪರಿಣಾಮ ಎಂದು ದಾಖಲೆಯಲ್ಲೇ ಹೇಳಿರುವ ಸ್ಥಿತಿಗಳ ಜೊತೆಗೆ, ಗಾಯವಾಗಿ ಒಂದು ವರ್ಷ ಅಥವಾ ಅದಕ್ಕಿಂತ ಹೆಚ್ಚು ಕಾಲ ಕಳೆದ ಮೇಲೂ ಇರುವ ಸ್ಥಿತಿಗಳನ್ನು ಈ ಗುಂಪಿಗೆ ಸೇರಿಸಬೇಕು ಎಂದು ಅಲ್ಲಿ ಬರೆದಿದೆ. ಅಪಘಾತಕ್ಕೂ ಹಾಗೆಯೇ ಪ್ರತ್ಯೇಕ ಕೋಡ್ ಇದೆ: ಮೋಟಾರು ವಾಹನ ಅಪಘಾತದ ಉಳಿಕೆ ಪರಿಣಾಮಕ್ಕೆ ವೈ85.0, ಇತರ ಮತ್ತು ವಿವರ ತಿಳಿಯದ ಸಾರಿಗೆ ಅಪಘಾತದ್ದಕ್ಕೆ ವೈ85.9. ಮರಣದ ಕಾರಣಗಳನ್ನು ವರ್ಗೀಕರಿಸುವವರಿಗೆ ಇದು ಬಹಳ ಬೇಕಾದ ಕೋಡ್. ಅಪಘಾತದಲ್ಲಿ ಬೆನ್ನುಹುರಿ ಘಾಸಿಗೊಂಡು ವರ್ಷಗಟ್ಟಲೆ ಹಾಸಿಗೆಯಲ್ಲಿದ್ದವರು ಕೊನೆಗೆ ಅದರ ತೊಡಕಿನಿಂದಲೇ ತೀರಿಕೊಂಡಾಗ, ಆ ಸಾವಿನ ಮೂಲ ರಸ್ತೆಯಲ್ಲಿತ್ತು ಎಂಬುದನ್ನು ಮರಣದ ಲೆಕ್ಕದಲ್ಲಿ ಹೇಳುವುದು ವೈ85.0.

ಅಮೆರಿಕದ ಆವೃತ್ತಿ ಬೇರೆ ದಾರಿ ಹಿಡಿಯಿತು. ಐಸಿಡಿ-10-ಸಿಎಂನಲ್ಲಿ ಟಿ90–ಟಿ98 ಗುಂಪೂ ಇಲ್ಲ, ವೈ85 ಕೂಡ ಇಲ್ಲ. 2015ರ ಅಕ್ಟೋಬರ್ 1ಕ್ಕೆ ಮೊದಲು ಅಲ್ಲಿ ಬಳಕೆಯಲ್ಲಿದ್ದ ಐಸಿಡಿ-9-ಸಿಎಂನಲ್ಲಿ ಗಾಯಗಳ ತಡವಾದ ಪರಿಣಾಮಗಳಿಗೆ 905ರಿಂದ 909ರವರೆಗಿನ ಕೋಡ್‌ಗಳಿದ್ದವು, ಮೋಟಾರು ವಾಹನ ಅಪಘಾತದ್ದಕ್ಕೆ ಇ929.0 ಇತ್ತು. ಹಳೆಯ ಕೋಡರ್‌ಗಳ ಬಾಯಲ್ಲಿ ಇಂದಿಗೂ ಲೇಟ್ ಎಫೆಕ್ಟ್ ಎಂಬ ಮಾತು ನಿಂತಿರುವುದು ಆ ಕಾಲದಿಂದ. ಹೊಸ ಆವೃತ್ತಿ ಬಂದಾಗ ಈ ಪ್ರತ್ಯೇಕ ಕೋಡ್‌ಗಳನ್ನೆಲ್ಲ ತೆಗೆದು, ಮೂಲ ಗಾಯದ ಕೋಡ್‌ನ ಬಾಲಕ್ಕೇ ಎಸ್ ಅಂಟಿಸುವ ಪದ್ಧತಿ ತಂದರು. ಜೊತೆಗೆ ಅದರ ಮಾರ್ಗಸೂಚಿ ಒಂದು ಮಾತನ್ನು ನೇರವಾಗಿ ಹೇಳುತ್ತದೆ: ಸೀಕ್ವೆಲಾ ಕೋಡ್ ಬಳಸಲು ಕಾಲಮಿತಿ ಇಲ್ಲ. ಪರಿಣಾಮ ಬೇಗನೆ ಕಾಣಿಸಿಕೊಳ್ಳಬಹುದು, ತಿಂಗಳುಗಳು, ವರ್ಷಗಳು ಕಳೆದ ಮೇಲೂ ಕಾಣಿಸಿಕೊಳ್ಳಬಹುದು.

ಹಾಗಾಗಿ ನೀವು ಯಾವ ಆವೃತ್ತಿಯಲ್ಲಿ ಕೆಲಸ ಮಾಡುತ್ತಿದ್ದೀರಿ ಎಂಬುದನ್ನು ಮೊದಲು ನೋಡಿಕೊಳ್ಳಬೇಕು. ಸಿಎಂ ಫೈಲ್‌ನಲ್ಲಿ ವೈ85.0 ಬರೆದರೆ ಅದು ಅಸ್ತಿತ್ವದಲ್ಲೇ ಇಲ್ಲದ ಕೋಡ್. ಮೂಲ ಐಸಿಡಿ-10 ಬಳಸುವ ಕಡೆ ಎಸ್82.121ಎಸ್ ಬರೆದರೆ ಅದೂ ಹಾಗೆಯೇ. ಅಲ್ಲಿ ಇದೇ ರೋಗಿಗೆ ಮಂಡಿ ಸವೆತದ ಕೋಡ್ ಮುಖ್ಯವಾಗಿ ಬಂದು, ಕಾಲಿನ ಇತರ ಮೂಳೆ ಮುರಿತಗಳ ಉಳಿಕೆಯನ್ನು ಹೇಳುವ ಟಿ93.2 ಹೆಚ್ಚುವರಿಯಾಗಿ ಸೇರುತ್ತದೆ. ಎರಡೂ ಪದ್ಧತಿಗಳಲ್ಲಿ ಒಂದು ವಿಷಯ ಸಮಾನ ಎಂಬುದನ್ನು ಗಮನಿಸಿ: ಇಂದು ರೋಗಿಯನ್ನು ಕಾಡುತ್ತಿರುವುದು ಮುಂದೆ, ಅಂದು ಆದದ್ದು ಹಿಂದೆ.

ಇನ್ನು ಎ, ಡಿ, ಎಸ್ ಎಂಬ ಮೂರು ಅಕ್ಷರಗಳು. ಇವನ್ನು ಮೊದಲ ಭೇಟಿ, ನಂತರದ ಭೇಟಿ, ತುಂಬಾ ನಂತರದ ಭೇಟಿ ಎಂದು ಕಲಿಸುವವರಿದ್ದಾರೆ. ಹಾಗೆ ಕಲಿತವರು ವರ್ಷಗಟ್ಟಲೆ ಎಡವುತ್ತಾರೆ. ಈ ಅಕ್ಷರಗಳು ಎಣಿಸುವುದು ಭೇಟಿಗಳನ್ನಲ್ಲ. ಚಿಕಿತ್ಸೆ ಯಾವ ಘಟ್ಟದಲ್ಲಿದೆ ಎಂಬುದನ್ನು ಅವು ಹೇಳುತ್ತವೆ. ಗಾಯಕ್ಕೆ ಸಕ್ರಿಯ ಚಿಕಿತ್ಸೆ ನಡೆಯುತ್ತಿರುವಷ್ಟು ಕಾಲ ಎ. ತುರ್ತು ವಿಭಾಗದಲ್ಲೂ ಎ, ಮಾರನೆಯ ದಿನ ಪ್ಲೇಟ್ ಹಾಕುವ ಶಸ್ತ್ರಚಿಕಿತ್ಸೆಗೂ ಎ, ಬೇರೊಬ್ಬ ತಜ್ಞರು ಹೊಸದಾಗಿ ನೋಡಿ ಚಿಕಿತ್ಸೆ ಮುಂದುವರಿಸಿದರೂ ಎ. ಮುರಿತವಾಗಿ ಎಷ್ಟೋ ದಿನ ಆಸ್ಪತ್ರೆಗೇ ಹೋಗದೆ ತಡವಾಗಿ ಮೊದಲ ಬಾರಿ ಚಿಕಿತ್ಸೆಗೆ ಬಂದವರಿಗೂ ಎ ಗುಂಪಿನ ಅಕ್ಷರವೇ. ಸಕ್ರಿಯ ಚಿಕಿತ್ಸೆ ಮುಗಿದು ಗಾಯ ಮಾಗುವ, ಮೂಳೆ ಕೂಡುವ ಹಾದಿಯಲ್ಲಿದ್ದಾಗಿನ ಆರೈಕೆಗೆ ಡಿ: ಪ್ಲಾಸ್ಟರ್ ಬದಲಾಯಿಸುವುದು, ಮೂಳೆ ಕೂಡಿದೆಯೇ ಎಂದು ಎಕ್ಸ್‌ರೇ ತೆಗೆಯುವುದು, ಒಳಗೆ ಹಾಕಿದ ರಾಡ್ ಅಥವಾ ಪ್ಲೇಟ್ ತೆಗೆಯುವುದು. ಇಲ್ಲಿ ಇನ್ನೂ ಮುರಿತದ ಕಥೆಯೇ ನಡೆಯುತ್ತಿದೆ. ಆ ಕಥೆ ಮುಗಿದು, ಅದರಿಂದ ಹುಟ್ಟಿದ ಬೇರೊಂದು ತೊಂದರೆಯನ್ನು ಹೊತ್ತು ರೋಗಿ ಬಂದಾಗ ಎಸ್.

ನಿಮ್ಮ ಕ್ಲೇಮ್ ಏಕೆ ಹಿಂದಕ್ಕೆ ಬಂತು ಎಂಬುದು ಇಷ್ಟರಲ್ಲೇ ತಿಳಿಯುತ್ತದೆ. ನೀವು ಕಳುಹಿಸಿದ ಕೋಡ್, ಹದಿನಾಲ್ಕು ತಿಂಗಳ ಹಿಂದೆ ಮುರಿದ ಮೂಳೆಗೆ ಇಂದು ಸಕ್ರಿಯ ಚಿಕಿತ್ಸೆ ನಡೆಯಿತು ಎಂದು ಹೇಳುತ್ತಿತ್ತು. ಡಿ ಹಾಕಿದ್ದರೆ, ಕೂಡಿ ಹೋದ ಮೂಳೆ ಇನ್ನೂ ಕೂಡುತ್ತಿದೆ ಎಂದಾಗುತ್ತಿತ್ತು. ಎರಡೂ ಆ ರೋಗಿಯ ವಿಷಯದಲ್ಲಿ ಸತ್ಯವಲ್ಲ.

ಇಲ್ಲಿ ಒಂದು ಗುಂಡಿ ಇದೆ, ಅನುಭವಸ್ಥರೂ ಬೀಳುವಂಥದ್ದು. ಮುರಿದ ಮೂಳೆ ಕೂಡಲೇ ಇಲ್ಲ ಎಂದುಕೊಳ್ಳಿ, ಅಥವಾ ಸೊಟ್ಟಗೆ ಕೂಡಿದೆ. ಅಪಘಾತವಾಗಿ ಒಂದೂವರೆ ವರ್ಷವಾಗಿದೆ, ರೋಗಿ ಕುಂಟುತ್ತಿದ್ದಾರೆ. ನೋಡಿದವರಿಗೆ ಇದು ಉಳಿಕೆ ಪರಿಣಾಮ ಎಂದೇ ಅನಿಸುತ್ತದೆ. ಆದರೆ ಐಸಿಡಿ-10-ಸಿಎಂ ಇದಕ್ಕೆ ಎಸ್ ಕೊಡುವುದಿಲ್ಲ. ಮುರಿತದ ಕೋಡ್‌ಗಳಲ್ಲಿ ಇದಕ್ಕಾಗಿಯೇ ಬೇರೆ ಅಕ್ಷರಗಳಿವೆ. ಮುಚ್ಚಿದ ಮುರಿತ ಕೂಡದೆ ಉಳಿದಿದ್ದರೆ ಕೆ, ಸೊಟ್ಟಗೆ ಕೂಡಿದ್ದರೆ ಪಿ, ಕೂಡುವುದು ತಡವಾಗುತ್ತಿದ್ದರೆ ಜಿ. ಚರ್ಮ ಹರಿದ ತೆರೆದ ಮುರಿತಗಳಿಗೆ ಅವುಗಳ ಪಕ್ಕದ ಅಕ್ಷರಗಳು. ಇವೆಲ್ಲ ನಂತರದ ಆರೈಕೆಯ ಗುಂಪಿಗೆ ಸೇರಿದವು, ಏಕೆಂದರೆ ವರ್ಗೀಕರಣದ ಕಣ್ಣಿನಲ್ಲಿ ಆ ಮುರಿತದ ಕಥೆ ಇನ್ನೂ ಮುಗಿದಿಲ್ಲ. ಎಸ್82.121ಪಿ ಮತ್ತು ಎಸ್82.121ಎಸ್ ನಡುವೆ ಒಂದೇ ಅಕ್ಷರದ ವ್ಯತ್ಯಾಸ. ಮೊದಲನೆಯದು, ಮೂಳೆ ಸೊಟ್ಟಗೆ ಕೂಡಿದೆ, ಅದಕ್ಕೇ ಬಂದಿದ್ದಾರೆ ಎನ್ನುತ್ತದೆ. ಎರಡನೆಯದು, ಮೂಳೆಯ ವಿಚಾರ ಮುಗಿದಿದೆ, ಅದು ಬಿಟ್ಟುಹೋದ ಇನ್ನೊಂದಕ್ಕೆ ಬಂದಿದ್ದಾರೆ ಎನ್ನುತ್ತದೆ. ನೀವು ಫೈಲ್ ತೆರೆದಾಗ ಮೊದಲು ಹುಡುಕಬೇಕಾದ ಸಾಲು ಎಕ್ಸ್‌ರೇ ವರದಿಯಲ್ಲಿರುತ್ತದೆ: ಮುರಿತ ಕೂಡಿದೆಯೇ, ಇಲ್ಲವೇ? ಅಪಘಾತದ ದಿನಾಂಕ ನೋಡಿ ಬೆರಳು ಮಡಿಸಿ ತಿಂಗಳು ಎಣಿಸುವುದಕ್ಕಿಂತ ಈ ಒಂದು ಸಾಲು ಹೆಚ್ಚು ಹೇಳುತ್ತದೆ.

ಎಸ್ ಹಾಕುವಾಗ ನೆನಪಿಡಬೇಕಾದ ಇನ್ನೆರಡು ಮಾತು. ಎಸ್ ಸೇರುವುದು ಹಳೆಯ ಗಾಯದ ಮತ್ತು ಅದಕ್ಕೆ ಕಾರಣವಾದ ಅಪಘಾತದ ಕೋಡ್‌ಗೆ ಮಾತ್ರ, ಈಗಿನ ತೊಂದರೆಯ ಕೋಡ್‌ಗಲ್ಲ. ಮತ್ತು ಕೊನೆಯಲ್ಲಿ ಎಸ್ ಇರುವ ಕೋಡ್ ಒಂಟಿಯಾಗಿ ನಿಲ್ಲುವುದಿಲ್ಲ, ಈಗ ಉಳಿದಿರುವುದೇನು ಎಂದು ಹೇಳುವ ಕೋಡ್ ಅದರ ಮುಂದೆ ಇರಲೇಬೇಕು. ಹಳೆಯ ಮುರಿತಕ್ಕೆ ಎಸ್ ಎಂದಷ್ಟೇ ಬರೆದು ಕಳುಹಿಸಿದರೆ, ಏನೋ ಆಗಿತ್ತು, ಏನೋ ಉಳಿದಿದೆ ಎಂದಷ್ಟೇ ಹೇಳಿದಂತೆ. ಒಂದೇ ಗಾಯಕ್ಕೆ ಎ ಮತ್ತು ಎಸ್ ಎರಡನ್ನೂ ಒಟ್ಟಿಗೆ ಬರೆಯುವಂತಿಲ್ಲ ಎಂಬುದು ನಿಮಗೆ ಈಗಾಗಲೇ ಹೊಳೆದಿರಬೇಕು.

ಇಷ್ಟೆಲ್ಲ ಸರಿಯಾಗಬೇಕಾದರೆ ಅದಕ್ಕೆ ಆಧಾರ ವೈದ್ಯರ ಬರವಣಿಗೆ. ನಿಮ್ಮ ಫೈಲ್‌ನಲ್ಲಿ ವೈದ್ಯರು ಕೊಂಡಿಯನ್ನು ಸ್ಪಷ್ಟವಾಗಿ ಬರೆದಿದ್ದಾರೆ, ನಿಮ್ಮ ಅದೃಷ್ಟ. ಎಷ್ಟೋ ಫೈಲ್‌ಗಳಲ್ಲಿ ಮೇಲೆ ಹಳೆಯ ಮುರಿತದ ಚರಿತ್ರೆ ಇರುತ್ತದೆ, ಕೆಳಗೆ ಮಂಡಿ ಸವೆತ ಎಂದಿರುತ್ತದೆ, ನಡುವೆ ಸೇತುವೆಯೇ ಇರುವುದಿಲ್ಲ. ಮುರಿದದ್ದೂ ಬಲ ಮಂಡಿಯ ಬಳಿ, ಸವೆದದ್ದೂ ಬಲ ಮಂಡಿ, ಅಂದಮೇಲೆ ಇದರಿಂದಲೇ ಅದು ಎಂದು ನಮ್ಮ ಬುದ್ಧಿ ಹೇಳುತ್ತದೆ. ಹೇಳಿದರೂ ಬರೆಯುವಂತಿಲ್ಲ. ಮಂಡಿ ವಯಸ್ಸಿನಿಂದಲೂ ಸವೆಯುತ್ತದೆ. ಬಲ ಮಂಡಿಯ ತನ್ನಷ್ಟಕ್ಕೆ ಬಂದ ಸವೆತಕ್ಕೆ ಎಂ17.11, ಗಾಯದಿಂದ ಬಂದದ್ದಕ್ಕೆ ಎಂ17.31. ನಡುವಿನ ಒಂದಂಕಿಯನ್ನು ಬದಲಾಯಿಸುವ ಅಧಿಕಾರ ವೈದ್ಯರ ತೀರ್ಮಾನಕ್ಕೆ ಮಾತ್ರ ಇದೆ. ಪದದ ಆಯ್ಕೆಯೂ ಲೆಕ್ಕಕ್ಕೆ ಬರುತ್ತದೆ. ವೈದ್ಯರು ಆಸ್ಟಿಯೋಆರ್ಥ್ರೈಟಿಸ್ ಎನ್ನದೆ ಟ್ರಾಮಾಟಿಕ್ ಆರ್ಥ್ರೈಟಿಸ್ ಎಂದಷ್ಟೇ ಬರೆದಿದ್ದರೆ ಕೋಡ್ ಪುಸ್ತಕದ ಸೂಚಿ ನಿಮ್ಮನ್ನು ಎಂ12.5 ಗುಂಪಿಗೆ ಕರೆದೊಯ್ಯುತ್ತದೆ, ಎಂ17ಕ್ಕಲ್ಲ. ಆ ಎರಡು ಒಟ್ಟಿಗೆ ಇರುವಂತೆಯೂ ಇಲ್ಲ.

ಸೇತುವೆ ಇಲ್ಲದಿದ್ದಾಗ ವೈದ್ಯರನ್ನು ಕೇಳಬೇಕು. ಕೇಳುವ ರೀತಿಯೂ ಮುಖ್ಯ. "ಈ ಸವೆತ ಅಪಘಾತದಿಂದಲೇ ಬಂದದ್ದಲ್ಲವೇ? ದಯವಿಟ್ಟು ದೃಢಪಡಿಸಿ" ಎಂದು ಬರೆದರೆ ಉತ್ತರವನ್ನು ನೀವೇ ವೈದ್ಯರ ಬಾಯಿಗಿಟ್ಟಂತೆ, ಆಡಿಟ್‌ನಲ್ಲಿ ಅದು ನಿಲ್ಲುವುದಿಲ್ಲ. ನಾನು ಬರೆಯುವುದು ಹೀಗೆ: "ಹದಿನಾಲ್ಕು ತಿಂಗಳ ಹಿಂದೆ ಬಲ ಟಿಬಿಯಾದ ಹೊರ ಕಾಂಡೈಲ್ ಮುರಿತಕ್ಕೆ ಶಸ್ತ್ರಚಿಕಿತ್ಸೆ ಆಗಿದೆ ಎಂದು ದಾಖಲಾಗಿದೆ. ಇಂದಿನ ಎಕ್ಸ್‌ರೇಯಲ್ಲಿ ಬಲ ಮಂಡಿಯ ಹೊರಬದಿಯಲ್ಲಿ ಕೀಲಿನ ಅಂತರ ಕಡಿಮೆಯಾಗಿದೆ ಎಂದಿದೆ. ನಿಮ್ಮ ರೋಗನಿರ್ಣಯ ಬಲ ಮಂಡಿಯ ಆಸ್ಟಿಯೋಆರ್ಥ್ರೈಟಿಸ್. ನಿಮ್ಮ ವೈದ್ಯಕೀಯ ತೀರ್ಮಾನದ ಪ್ರಕಾರ ಇದರ ಬಗೆಯನ್ನು ದಾಖಲಿಸಿ: ಪ್ರೈಮರಿ, ಪೋಸ್ಟ್ ಟ್ರಾಮಾಟಿಕ್, ಬೇರೆ ಯಾವುದಾದರೂ, ಅಥವಾ ನಿರ್ಧರಿಸಲು ಸಾಧ್ಯವಿಲ್ಲ." ದಾಖಲೆಯಲ್ಲಿ ಇರುವುದನ್ನು ಮುಂದಿಟ್ಟು, ಎಲ್ಲ ಬಾಗಿಲುಗಳನ್ನೂ ತೆರೆದಿಟ್ಟು ಸುಮ್ಮನಾಗಬೇಕು.

ಈ ವಿಷಯದಲ್ಲಿ ನನಗೆ ಇಷ್ಟು ಕಾಳಜಿ ಇರುವುದಕ್ಕೆ ಒಂದು ಹಳೆಯ ಫೈಲ್ ಕಾರಣ. ಕೆಲಸಕ್ಕೆ ಸೇರಿದ ಆರಂಭದ ವರ್ಷಗಳಲ್ಲಿ ಅಪಸ್ಮಾರದ ರೋಗಿಯೊಬ್ಬರ ಭೇಟಿಯನ್ನು ಕೋಡ್ ಮಾಡಿದ್ದೆ. ಆ ದಿನದ ಟಿಪ್ಪಣಿಯಲ್ಲಿ ಅಪಸ್ಮಾರ ಎಂದಷ್ಟೇ ಇತ್ತು, ಅಷ್ಟನ್ನೇ ಕೋಡ್ ಮಾಡಿ ಮುಗಿಸಿದೆ. ತಿಂಗಳುಗಳ ಮೇಲೆ ಅದೇ ರೋಗಿಯ ಕಾಗದಪತ್ರ ಮರುಪರಿಶೀಲನೆಗೆ ಬಂತು. ತೆರೆದು ನೋಡಿದರೆ, ಆ ದಿನದ್ದೇ ನರರೋಗ ತಜ್ಞರ ಅಭಿಪ್ರಾಯ ಎರಡು ಪುಟ ಹಿಂದೆ ಇತ್ತು: ರಸ್ತೆ ಅಪಘಾತದ ತಲೆಗಾಯದ ನಂತರ ಶುರುವಾದ ಅಪಸ್ಮಾರ ಎಂದು ಒಂದೇ ಸಾಲು, ಕೈಬರಹದಲ್ಲಿ. ಆ ಪುಟವನ್ನು ನಾನು ತಿರುವಿಯೇ ಇರಲಿಲ್ಲ. ದಾಖಲೆಯ ಪ್ರಕಾರ ಆ ರೋಗಿಗೆ ಅಪಘಾತ ಆಗಿಯೇ ಇರಲಿಲ್ಲ, ಅಪಸ್ಮಾರ ತಾನಾಗಿಯೇ ಬಂದಿತ್ತು. ಪರಿಹಾರಕ್ಕೋ ವಿಮೆಗೋ ಅಂಗವೈಕಲ್ಯದ ಪ್ರಮಾಣಪತ್ರಕ್ಕೋ ಓಡಾಡುತ್ತಿರುವವರಿಗೆ ಇಂಥ ಒಂದು ಸಾಲಿನ ಕೊರತೆ ಎಷ್ಟು ದುಬಾರಿ ಎಂಬುದು ನನಗೆ ಅಂದು ತಟ್ಟಿತು. ಅಂದಿನಿಂದ ಕೊನೆಯ ಪುಟದವರೆಗೆ ತಿರುವದೆ ಫೈಲ್ ಮುಚ್ಚಿದವನಲ್ಲ.

ತಲೆಗಾಯದ ವಿಷಯ ಬಂದದ್ದರಿಂದ ಅದನ್ನೇ ಮುಂದುವರಿಸುತ್ತೇನೆ, ರಸ್ತೆ ಅಪಘಾತದ ಉಳಿಕೆಗಳಲ್ಲಿ ಕೋಡರ್‌ಗಳನ್ನು ಹೆಚ್ಚು ಕಾಡುವುದು ಅದೇ. ಗಾಯದ ನಂತರ ಸೆಳವು ಬಂದಿದೆ, ವೈದ್ಯರು ಅಪಸ್ಮಾರ ಎಂದು ಹೇಳಿಲ್ಲ ಎಂದಾದರೆ ಆರ್56.1. ಅಪಸ್ಮಾರ ಎಂದು ನಿರ್ಣಯಿಸಿದ್ದರೆ ಜಿ40 ಗುಂಪು. ಎರಡನ್ನೂ ಜೊತೆಗೆ ಬರೆಯುವಂತಿಲ್ಲ. ಹಿಂದೆ ಎಸ್06 ಗುಂಪಿನ ತಲೆಗಾಯ, ಎಸ್ ಅಕ್ಷರದೊಂದಿಗೆ. ತಲೆಗೆ ಪೆಟ್ಟು ಬಿದ್ದು ಪ್ರಜ್ಞೆ ಮರಳಿ, ಸ್ಕ್ಯಾನ್ ಸರಿಯಿದ್ದು ಮನೆಗೆ ಹೋದವರು ತಿಂಗಳುಗಟ್ಟಲೆ ತಲೆಸುತ್ತು, ಮರೆವು, ಸಿಡುಕು, ನಿದ್ದೆಯಿಲ್ಲ ಎಂದು ಬರುತ್ತಾರೆ. ಮನೆಯವರಿಗೂ ಇದು ನಾಟಕವೋ ನಿಜವೋ ಎಂಬ ಅನುಮಾನ ಹುಟ್ಟುವ ಕಾಲ ಅದು. ವೈದ್ಯರು ಪೋಸ್ಟ್ ಕನ್‌ಕಷನಲ್ ಸಿಂಡ್ರೋಮ್ ಎಂದು ಬರೆದರೆ ಎಫ್07.81. ತಲೆನೋವೂ ಇದ್ದು ಅದು ಗಾಯದಿಂದ ಬಂದದ್ದು ಎಂದಿದ್ದರೆ ಜಿ44.3 ಗುಂಪಿನ ಕೋಡ್ ಸೇರಿಸಲು ಎಫ್07.81ರ ಕೆಳಗೇ ಸೂಚನೆ ಇದೆ. ಆದರೆ ಇದರ ಜೊತೆಗೆ ಈಗ ತಾನೇ ಆದ ಕನ್‌ಕಷನ್ (ಪೆಟ್ಟಿನಿಂದ ಮಿದುಳು ಅಲುಗಿದ ಗಾಯ) ಎಂಬ ಅರ್ಥದ ಕೋಡ್ ಇರುವಂತಿಲ್ಲ.

ಬೆನ್ನುಹುರಿಯ ಗಾಯದಲ್ಲಿ ಎರಡು ಕಾಲುಗಳ ಸ್ವಾಧೀನ ತಪ್ಪಿದ್ದರೆ ಜಿ82.2 ಗುಂಪು ಮುಂದೆ. ಪೂರ್ಣವೋ ಅಪೂರ್ಣವೋ ಎಂಬುದನ್ನು ಟಿಪ್ಪಣಿಯಲ್ಲಿ ಹುಡುಕಿ, ಪೂರ್ಣಕ್ಕೆ ಜಿ82.21, ಅಪೂರ್ಣಕ್ಕೆ ಜಿ82.22. ಹಿಂದೆ ಬೆನ್ನುಹುರಿ ಗಾಯದ ಕೋಡ್, ಎಸ್ ಜೊತೆಗೆ. ಕಾಲು ಕಳೆದುಕೊಂಡವರು ಇಲ್ಲದ ಪಾದ ಉರಿಯುತ್ತದೆ ಎಂದು ಬಂದರೆ ಆ ಫ್ಯಾಂಟಮ್ ನೋವಿಗೆ ಜಿ54.6. ಮಂಡಿಯ ಕೆಳಗೆ ಬಲಗಾಲು ಇಲ್ಲ ಎಂಬ ಸ್ಥಿತಿಗೆ ಜೆಡ್89.511. ಅಪಘಾತದಲ್ಲೇ ಕಾಲು ತುಂಡಾಗಿದ್ದರೆ ಆ ಗಾಯದ ಎಸ್88 ಗುಂಪು ಎಸ್ ಜೊತೆಗೆ. ಮುಖದ ಮೇಲಿನ ಕಲೆಗೆ ಎಲ್90.5, ಉಬ್ಬಿ ಬೆಳೆದ ಕೀಲಾಯ್ಡ್ ಆದರೆ ಎಲ್91.0. ದೀರ್ಘಕಾಲದ ನೋವಿಗೆ ಜಿ89.21 ಬಳಸುವಾಗಲೂ ತಿಂಗಳು ಎಣಿಸುವ ಅಭ್ಯಾಸ ಬೇಡ. ನೋವು ಎಂದಿನಿಂದ ದೀರ್ಘಕಾಲದ್ದು ಎನಿಸುತ್ತದೆ ಎಂಬುದಕ್ಕೆ ಮಾರ್ಗಸೂಚಿ ಗಡುವು ಹಾಕಿಲ್ಲ, ವೈದ್ಯರು ಹಾಗೆ ಬರೆದಿರಬೇಕು ಅಷ್ಟೇ.

ಮನಸ್ಸಿನ ಗಾಯವನ್ನೂ ಬಿಡಬೇಡಿ. ಡಿಕ್ಕಿಯ ಸದ್ದು ಕನಸಿನಲ್ಲಿ ಕೇಳಿ ಎದ್ದು ಕೂರುವವರು, ವಾಹನ ಹತ್ತಲು ಕೈಕಾಲು ನಡುಗುವವರು ಇದ್ದಾರೆ. ಆಘಾತೋತ್ತರ ಒತ್ತಡದ ಕಾಯಿಲೆ ದೀರ್ಘಕಾಲದ್ದು ಎಂದು ಮನೋವೈದ್ಯರು ಬರೆದರೆ ಎಫ್43.12. ಇದು ಯಾವುದೋ ಮೂಳೆಯ ಮುರಿತದ ಪರಿಣಾಮವಲ್ಲ, ಘಟನೆಯ ಪರಿಣಾಮ. ಆದ್ದರಿಂದ ಹಳೆಯ ಮುರಿತವನ್ನು ಎಳೆದು ತಂದು ಜೋಡಿಸಬೇಕಿಲ್ಲ. ಅಪಘಾತದ ನಂಟನ್ನು ವೈದ್ಯರು ಬರೆದಿದ್ದರೆ ಅದನ್ನು ಹೇಳಲು ವಿ ಗುಂಪಿನ ಕೋಡ್ ಇದೆ.

ಇಲ್ಲಿಂದ ನಿಮ್ಮ ಕೊನೆಯ ಪ್ರಶ್ನೆಗೆ ಬರುತ್ತೇನೆ. ಇಷ್ಟು ತಿಂಗಳ ಮೇಲೂ ಅಪಘಾತದ ಕೋಡ್ ಬೇಕೇ? ಕಡ್ಡಾಯವೇ ಎಂದು ಕೇಳಿದರೆ, ರಾಜ್ಯದ ಕಾನೂನೋ ವಿಮಾ ಸಂಸ್ಥೆಯೋ ಕೇಳದಿದ್ದರೆ ಕಡ್ಡಾಯವಲ್ಲ. ಕೊಡಬೇಕೇ ಎಂದು ಕೇಳಿದರೆ, ವಿವರ ಫೈಲ್‌ನಲ್ಲಿ ಇರುವಾಗ ಕೊಡಿ ಎಂದು ಗಟ್ಟಿಯಾಗಿ ಹೇಳುತ್ತೇನೆ. ವಿಶ್ವ ಆರೋಗ್ಯ ಸಂಸ್ಥೆಯ ಅಂದಾಜಿನಂತೆ ಜಗತ್ತಿನ ರಸ್ತೆಗಳಲ್ಲಿ ವರ್ಷಕ್ಕೆ ಸುಮಾರು 11.9 ಲಕ್ಷ ಜನ ಸಾಯುತ್ತಾರೆ. ಸಾಯದೆ ಗಾಯಗೊಳ್ಳುವವರು 2 ಕೋಟಿಯಿಂದ 5 ಕೋಟಿ. ಎರಡನೆಯ ಲೆಕ್ಕದಲ್ಲಿ ಇಷ್ಟು ದೊಡ್ಡ ಅಂತರ ಇರುವುದನ್ನು ನೋಡಿ. ಸತ್ತವರನ್ನು ಎಣಿಸುವಷ್ಟು ಸುಲಭವಾಗಿ ನೊಂದು ಬದುಕುವವರನ್ನು ಎಣಿಸಲಾಗುವುದಿಲ್ಲ. ಗಾಯವಾದ ದಿನ ಅವರು ಅಪಘಾತದ ರೋಗಿ. ಎರಡು ವರ್ಷದ ಮೇಲೆ ಬರೀ ಮಂಡಿನೋವಿನ ರೋಗಿ, ಬರೀ ತಲೆನೋವಿನ ರೋಗಿ. ರಸ್ತೆಯೊಂದಿಗಿನ ಅವರ ನಂಟು ಕಾಗದದ ಮೇಲೆ ಉಳಿಯುವುದು ನೀವು ಬರೆಯುವ ಆ ಕೊನೆಯ ಸಾಲಿನಲ್ಲಿ.

ಆ ಕೋಡ್ ಅನ್ನು ಒಂದೊಂದೇ ಅಕ್ಷರವಾಗಿ ಓದಿದರೆ ಅಪಘಾತವೇ ಕಣ್ಣ ಮುಂದೆ ಬರುತ್ತದೆ. ವಿ03.10ಎಕ್ಸ್‌ಎಸ್. ವಿ ಎಂದರೆ ಸಾರಿಗೆ ಅಪಘಾತ. ಮುಂದಿನ ಸೊನ್ನೆ ಗಾಯಗೊಂಡವರು ಯಾರು ಎಂದು ಹೇಳುತ್ತದೆ: ಪಾದಚಾರಿ. ಅಲ್ಲಿ 1 ಇದ್ದರೆ ಸೈಕಲ್ ಸವಾರ, 2 ಇದ್ದರೆ ಮೋಟಾರ್ ಸೈಕಲ್ ಸವಾರ, 3 ಇದ್ದರೆ ಮೂರು ಚಕ್ರದ ವಾಹನದಲ್ಲಿದ್ದವರು, 4 ಇದ್ದರೆ ಕಾರಿನಲ್ಲಿದ್ದವರು. ನಂತರದ 3, ಗುದ್ದಿದ್ದು ಕಾರು, ಪಿಕಪ್ ಅಥವಾ ವ್ಯಾನ್ ಎನ್ನುತ್ತದೆ. ಚುಕ್ಕಿಯ ಮುಂದಿನ 1, ಇದು ಸಾರ್ವಜನಿಕ ರಸ್ತೆಯಲ್ಲಿ ನಡೆದದ್ದು ಎನ್ನುತ್ತದೆ. ಮನೆಯಂಗಳದಲ್ಲೋ ಕಾರ್ಖಾನೆಯ ಆವರಣದಲ್ಲೋ ಆಗಿದ್ದರೆ ಅಲ್ಲಿ ಸೊನ್ನೆ ಬರುತ್ತಿತ್ತು. ಆ ಬಳಿಕದ ಸೊನ್ನೆ, ಅವರು ಸ್ಕೇಟ್‌ಬೋರ್ಡ್ ಮುಂತಾದ್ದರ ಮೇಲಿರದೆ ನಡೆದೇ ಹೋಗುತ್ತಿದ್ದರು ಎನ್ನುತ್ತದೆ. ಎಕ್ಸ್‌ಗೆ ಅರ್ಥವಿಲ್ಲ, ಖಾಲಿ ಜಾಗ ತುಂಬಲು ಬಂದದ್ದು. ಅದನ್ನು ಬಿಟ್ಟರೆ ಎಸ್ ಏಳನೆಯ ಸ್ಥಾನಕ್ಕೆ ಬಾರದೆ ಕೋಡ್ ಅಮಾನ್ಯವಾಗುತ್ತದೆ, ಹಿಂದಿರುಗುವ ಎಷ್ಟೋ ಕ್ಲೇಮ್‌ಗಳಲ್ಲಿ ತಪ್ಪು ಇಷ್ಟೇ ಇರುತ್ತದೆ. ಫೈಲ್‌ನಲ್ಲಿ ಬರೀ ರಸ್ತೆ ಅಪಘಾತ ಎಂದಿದ್ದು, ಯಾರು ಯಾವುದಕ್ಕೆ ಗುದ್ದಿದರು ಎಂಬುದು ಎಲ್ಲೂ ಸಿಗದಿದ್ದರೆ ವಿ89.2ಎಕ್ಸ್‌ಎಕ್ಸ್‌ಎಸ್ ಇದೆ. ಅದನ್ನು ಹುಡುಕಿ ಸೋತ ಮೇಲೆ ಬಳಸಿ, ಹುಡುಕುವ ಮೊದಲೇ ಬೇಡ.

ವಿ ಕೋಡ್ ಎಂದಿಗೂ ಮೊದಲ ಸ್ಥಾನದಲ್ಲಿ ನಿಲ್ಲುವುದಿಲ್ಲ. ಅಪಘಾತ ಎಲ್ಲಿ ನಡೆಯಿತು, ಆಗ ಏನು ಮಾಡುತ್ತಿದ್ದರು, ಕೆಲಸದ ಮೇಲಿದ್ದರೇ ಎಂದು ಹೇಳುವ ವೈ92, ವೈ93, ವೈ99 ಗುಂಪುಗಳು ಗಾಯದ ಆರಂಭದ ಚಿಕಿತ್ಸೆಗೆ ಸೇರಿದವು. ಉಳಿಕೆ ಪರಿಣಾಮದ ಭೇಟಿಗೆ ಅವು ಬೇಕಿಲ್ಲ. ಇನ್ನೊಂದು ಮಾತು: ರೋಗಿ ಬರೀ ತಪಾಸಣೆಗೆ ಬಂದು, ಯಾವ ಉಳಿಕೆಯೂ ಇಲ್ಲ ಎಂದು ವೈದ್ಯರು ಬರೆದಿದ್ದರೆ, ಹಿಂದೆ ಅಪಘಾತವಾಗಿತ್ತು ಎಂಬ ಒಂದೇ ಕಾರಣಕ್ಕೆ ಎಸ್ ಇರುವ ವಿ ಕೋಡ್ ಹಾಕಬೇಡಿ. ಕೂಡಿದ ಹಳೆಯ ಮುರಿತದ ಚರಿತ್ರೆಯನ್ನಷ್ಟೇ ದಾಖಲಿಸಲು ಜೆಡ್87.81 ಎಂಬ ಬೇರೆ ಕೋಡ್ ಇದೆ.

ನಿಮ್ಮ ರೋಗಿಯ ಮುಂದಿನ ದಾರಿಯನ್ನೂ ಹೇಳಿಬಿಡುತ್ತೇನೆ, ಏಕೆಂದರೆ ಈ ಫೈಲ್ ಮತ್ತೆ ನಿಮ್ಮ ಮೇಜಿಗೆ ಬರಬಹುದು. ಸವೆತ ಹೆಚ್ಚಾಗಿ ಮಂಡಿ ಬದಲಿ ಶಸ್ತ್ರಚಿಕಿತ್ಸೆಗೆ ದಾಖಲಾದರೆ ಆಗಲೂ ಎಂ17.31 ಮುಂದೆ, ಎಸ್82.121ಎಸ್ ಹಿಂದೆ. ಶಸ್ತ್ರಚಿಕಿತ್ಸೆ ಆದ ಮೇಲಿನ ಆರೈಕೆಗೆ ಜೆಡ್47.1, ಕೃತಕ ಬಲ ಮಂಡಿ ಇದೆ ಎಂಬುದಕ್ಕೆ ಜೆಡ್96.651. ಗಾಯಗಳ ಆರೈಕೆಗೆ ಜೆಡ್ ಕೋಡ್ ಬಳಸಬಾರದು, ಗಾಯದ ಕೋಡ್‌ಗೇ ಡಿ ಹಾಕಬೇಕು ಎಂಬ ನಿಯಮವನ್ನು ನೆನಪಿಟ್ಟುಕೊಂಡವರು ಇಲ್ಲಿ ಗೊಂದಲಕ್ಕೆ ಬೀಳುತ್ತಾರೆ. ಇಲ್ಲಿ ಮಂಡಿ ಬದಲಾಯಿಸಿದ್ದು ಸವೆತಕ್ಕಾಗಿ, ಮುರಿತಕ್ಕಾಗಿ ಅಲ್ಲ, ಹಾಗಾಗಿ ಜೆಡ್47.1 ಸರಿ. ಹೊಸ ಕೀಲು ಕೂರಿಸಿದ ಮೇಲೆ ಆ ಮಂಡಿಯ ಸವೆತವೂ ತೆಗೆದುಹೋಗಿರುತ್ತದೆ. ಆಮೇಲಿನ ಭೇಟಿಗಳಲ್ಲಿ ಬಲ ಮಂಡಿಗೆ ಎಂ17.31 ಬರೆಯುವುದನ್ನು ನಿಲ್ಲಿಸಿ.